ಗೈರುಹಾಜರಿಗೆ ಕಾರಣ

ಮಗಳನ್ನು ನನ್ನ ವಶಕ್ಕೆ ಕೊಡಿಸಿ ಎಂದು ಶಿವಮೊಗ್ಗದ ಕೋರ್ಟಿಗೆ ಹಾಕಿದ್ದ ಅರ್ಜಿ ವಜಾ ಆದಾಗ ನಾನು ಆನಂದಪುರದ ಹತ್ತಿರದ ತವರುಮನೆಯಲ್ಲಿ, ಕೊಟ್ಟಿಗೆಯ ಪಕ್ಕ ಕಂಬಳಿ ಹಾಸಿಕೊಂಡು ಕೂತಿದ್ದೆ. ವಾಯಿದೆಯ ದಿನ ಬೆಳಿಗ್ಗೆಯೇ ಮುಟ್ಟಾಗಿದ್ದೆ. ಅರವತ್ತರ ದಶಕದ ನಮ್ಮ ಮನೆಗಳಲ್ಲಿ ಆ ಮೂರು ದಿನ ಹೆಂಗಸು ಯಾರನ್ನೂ ಮುಟ್ಟುವಂತಿರಲಿಲ್ಲ.

"ನಾ ಹಂಗೇ ಹೋಗ್ತಿ ಅಪ್ಪಯ್ಯ. ಯಾರಿಗೆ ಗೊತ್ತಾಗ್ತು?" ಎಂದೆ.

"ಬಸ್ಸಲ್ಲಿ ಹತ್ತು ಜನಕ್ಕೆ ಮುಟ್ಟಿಸ್ಕ್ಯಂಡು ಹೋಪದಾ? ಸುಮ್ನೆ ಕೂತ್ಕ ಕೂಸೇ. ವಕೀಲ್ರಿಗೆ ನಾ ಹೇಳ್ತಿ," ಎಂದು ಅಪ್ಪ ಒಬ್ಬರೇ ಹೋದರು.

ಹೇಳಿದರೇ? ಎಲ್ಲಿಯ ಮಾತು! ಜವಾನ ನನ್ನ ಹೆಸರನ್ನು ಮೂರು ಸಲ ಕೂಗಿದನಂತೆ. "ಮಗಳೆಲ್ಲಿ ರಾಯರೇ, ಏನಂತ ಹೇಳ್ಲಿ?" ಎಂದು ನಮ್ಮ ವಕೀಲರು ಕೇಳಿದರೆ ಅಪ್ಪ ನೆಲ ನೋಡುತ್ತ ನಿಂತರಂತೆ. ತೀರ್ಥಹಳ್ಳಿಯಿಂದ ನನ್ನ ಗಂಡ ಬಂದಿದ್ದರು. ಜಡ್ಜರು ನೋಡಬೇಕೆಂದಿದ್ದರಿಂದ ಐದು ವರ್ಷದ ನನ್ನ ಮಗಳನ್ನೂ ಕರೆತಂದಿದ್ದರು. ಅರ್ಜಿ ಹಾಕಿದವಳೇ ಇಲ್ಲ. ಎರಡು ಮಾತಿನಲ್ಲಿ ವಜಾ ಆಯಿತು. ಅಪ್ಪ ಮನೆಗೆ ಬಂದು ಅಂಗಳದಲ್ಲೇ ನಿಂತು ಸುದ್ದಿ ಹೇಳಿದಾಗ ಅವರ ಹೆಗಲ ಶಾಲು ಹಿಡಿದು ಜಗ್ಗಬೇಕೆನ್ನಿಸಿತು. ಜಗ್ಗುವುದಕ್ಕೂ ಮುಟ್ಟಬೇಕಲ್ಲ!

ಅರ್ಜಿ ಮತ್ತೆ ನಡೆಯಬೇಕಾದರೆ ಬಾರದಿದ್ದುದಕ್ಕೆ ಸರಿಯಾದ ಕಾರಣ ತೋರಿಸಬೇಕು, ಇಲ್ಲವಾದರೆ ಮಗುವಿನ ಆಸೆ ಬಿಡಿ ಎಂದರು ವಕೀಲರು.

"ಜ್ವರ ಅಂತ ಬರೀರಿ," ಎಂದುಬಿಟ್ಟರು ಅಪ್ಪ.

ವಿಚಾರಣೆಗೆ ನಾನೂ ಹೋದೆ. ಮಗಳು ತನ್ನ ಅಪ್ಪನ ಪಕ್ಕ, ಬೆಂಚಿನ ಮೇಲೆ ಕಾಲಾಡಿಸುತ್ತ ಕೂತಿದ್ದಳು. ಕಟಕಟೆಯಲ್ಲಿ ನಿಂತ ನಮ್ಮ ಅಪ್ಪನನ್ನು ಎದುರು ವಕೀಲರು ಕೇಳಿದರು: "ಯಾವ ಡಾಕ್ಟ್ರು ನೋಡಿದ್ರು? ಏನು ಔಷಧಿ ಕೊಟ್ರು?" ಅಪ್ಪ ನಮ್ಮ ವಕೀಲರತ್ತ ತಿರುಗಿ ನೋಡಿದರು. ಜಡ್ಜರು ಪೆನ್ನು ಕೈಗೆತ್ತಿಕೊಂಡರು.

ಇನ್ನು ಸುಮ್ಮನಿದ್ದರೆ ಮಗಳು ಕೈತಪ್ಪಿದಂತೆಯೇ. ಎದ್ದು ನಿಂತೆ.

"ಜ್ವರ ಅಲ್ಲ ಸ್ವಾಮಿ. ಮುಟ್ಟಾಗಿದ್ದೆ. ಯಾರನ್ನೂ ಮುಟ್ಟೋ ಹಾಗಿಲ್ಲ ಅಂತ ಮನೇಲಿ ಬಿಡಲಿಲ್ಲ."

ಅಯ್ಯೋ ದೇವರೇ! ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಅಪ್ಪ ಶಾಲಿನಿಂದ ಮುಖ ಒರೆಸಿಕೊಳ್ಳುತ್ತ ಹಾಗೇ ಮುಚ್ಚಿಕೊಂಡರು. ನನಗೋ, ಉಟ್ಟ ಸೀರೆ ಅಷ್ಟು ಗಂಡಸರೆದುರು ಜಾರಿಬಿದ್ದಷ್ಟು ನಾಚಿಕೆ. ಹೇಳಿದ್ದು ನಿಜ, ತಪ್ಪು ನನ್ನದಲ್ಲ, ಆದರೂ ಭೂಮಿ ಬಾಯಿಬಿಟ್ಟರೆ ಸಾಕು ಅನ್ನಿಸಿತು. ಜಡ್ಜರು ನನ್ನತ್ತ ನೋಡಲಿಲ್ಲ. ವಜಾ ಆದೇಶ ರದ್ದು, ಅರ್ಜಿ ಮುಂದುವರಿಯಲಿ ಎಂದರು.

ತಲೆ ತಗ್ಗಿಸಿಕೊಂಡೇ ವರಾಂಡಕ್ಕೆ ಬಂದೆ. ಅಪ್ಪ ನನ್ನನ್ನು ಕಾಯದೆ ಗೇಟಿನ ಕಡೆ ನಡೆದಿದ್ದರು. ಅಷ್ಟರಲ್ಲಿ ಮಗಳು ತನ್ನ ಅಪ್ಪನ ಕೈ ಕೊಸರಿಕೊಂಡು ನನ್ನತ್ತ ಓಡಿಬಂದಳು. ಎರಡೂ ಕೈ ಚಾಚಿದೆ. ಮಾರು ದೂರದಲ್ಲೇ ಗಕ್ಕನೆ ನಿಂತಳು. ಕೈಗಳನ್ನು ಬೆನ್ನ ಹಿಂದೆ ಇಟ್ಟುಕೊಂಡು, ನನ್ನ ಮುಖ ನೋಡಿ ಕೇಳಿದಳು:

"ಅಮ್ಮಾ, ಈಗ ನಿನ್ನ ಮುಟ್ಲಕ್ಕಾ?"