ಹರಗೋಲಿನ ಹತ್ತು ಸೆಕೆಂಡು

ಟೀವಿ, ಸಿನಿಮಾದವರಿಗೆ ಹಳೆಯ ದೃಶ್ಯಗಳನ್ನು ಹುಡುಕಿಕೊಡುವುದು ನನ್ನ ಕೆಲಸ. ಹೇಳಿಕೊಳ್ಳಲು ಚೆಂದ, ಮಾಡಿ ನೋಡಿದರೆ ಗುಡ್ಡ ಅಗೆದು ಇಲಿ ಹಿಡಿಯುವ ಕಸುಬು. ಯಾದಗಿರಿಯಲ್ಲಿ ಬಸ್ಸು ಹತ್ತಿ ಇಳಿದು ಮೊಣಕಾಲು ಸವೆದಿವೆ. ಹೋದ ಬೇಸಿಗೆಯಲ್ಲಿ ಒಬ್ಬ ನಿರ್ದೇಶಕ ಬೆನ್ನು ಬಿದ್ದ: ಸೇತುವೆ ಇಲ್ಲದ ಕಾಲದಲ್ಲಿ ಜನ ಹರಗೋಲಿನಲ್ಲಿ ಕೃಷ್ಣೆ ದಾಟುವ ದೃಶ್ಯ ಬೇಕು, ಹತ್ತು ಸೆಕೆಂಡು ಸಾಕು. ಎಲ್ಲಿಂದ ತರಲಿ? ಹಾರ ತುರಾಯಿ, ಭಾಷಣಗಳನ್ನು ಎಲ್ಲರೂ ಜೋಪಾನ ಮಾಡಿದ್ದಾರೆ. ಹೊಳೆ ದಾಟಿದವರು ಸಿಕ್ಕರೆ ಹಳೆಯ ಮದುವೆ ವಿಡಿಯೋ ಕ್ಯಾಸೆಟ್ಟಿನಲ್ಲೇ ಸಿಗಬೇಕು.

ಕಡೆಗೆ ಸುರಪುರದ ಒಬ್ಬ ಹೆಣ್ಣುಮಗಳ ಮನೆಯಲ್ಲಿ ಅಂಥದ್ದೊಂದು ಸಿಕ್ಕಿತು. ಗಂಡ ತೀರಿ ಆರು ವರ್ಷವಾಗಿತ್ತು. ತಮ್ಮ ಮದುವೆಯ ಆ ಕ್ಯಾಸೆಟ್ಟನ್ನು ದೇವರ ಜಗಲಿಯ ಮೇಲಿಟ್ಟು ದಿನಾ ವಿಭೂತಿ ಹಚ್ಚುತ್ತಿದ್ದಳು.

"ಹೊಳಿದಂಡ್ಯಾಗ ಅವ್ರು ಕೈ ಚಾಚಿ ನನಗ ಏನೋ ಅಂದಿದ್ರು. ಮರ್ತೇನ್ರಿ ಅಣ್ಣಾರ. ಅದೊಂದ್ ಮಾತು ಕೇಳಿಸ್ರಿ, ನಿಮಗೇನ್ ಬೇಕೋ ತಗೋರಿ."

"ಅದಕ್ಕೇನಂತ್ರಿ ಅಕ್ಕಾರ, ಕೇಳಿಸ್ತೀನಿ," ಅಂದುಬಿಟ್ಟೆ. ಈ ಹಾಳು ಬಾಯಿ ಯಾವತ್ತೂ ಸುಮ್ಮನಿರುವುದಿಲ್ಲ.

ಮನೆಗೆ ತಂದು ಎರಡು ದಿನ ಕೂತು ವಿಭೂತಿ, ಬೂಷ್ಟು ಒರೆಸಿದೆ. ಟೇಪು ಓಡಿತು. ಹರಗೋಲು ಬಂತು, ಬಾಸಿಂಗದ ಮದುಮಗ ಬಂದ, ಕೈ ಚಾಚಿ ತುಟಿ ಅಲುಗಿಸಿದ. ಕೇಳಿಸಿದ್ದು ಮಾತ್ರ ಸಿನಿಮಾ ಹಾಡು! ಆಗಿನ ವಿಡಿಯೋದವರ ಪದ್ಧತಿಯೇ ಅದು, ಮದುವೆಯ ಮಾತೆಲ್ಲ ಅಳಿಸಿ ಮೇಲೆ ಹಾಡು ಕೂರಿಸುವುದು. ನನಗೆ ಗೊತ್ತಿರಲಿಲ್ಲವೇ? ಗೊತ್ತಿದ್ದೂ ಮಾತು ಕೊಟ್ಟಿದ್ದೆ.

ಹಾಡು ಕೂರಿಸುವ ಮೊದಲಿನ ಮೂಲ ಕ್ಯಾಸೆಟ್ಟು ಉಳಿದಿರಬಹುದೆಂದು ಶಹಾಪುರಕ್ಕೆ ಹೋದೆ. ಆ ಮದುವೆಯನ್ನು ಚಿತ್ರೀಕರಿಸಿದವನು ಈಗ ಝೆರಾಕ್ಸ್ ಅಂಗಡಿ ಇಟ್ಟಿದ್ದಾನೆ.

"ಅದಾ? ಅದರ ಮ್ಯಾಲ ಮತ್ತ ಹತ್ತು ಮದುವಿ ತಗದೀನ್ರಿ," ಎಂದ. "ಹಾಡು ಹಾಕಲಿಲ್ಲಂದ್ರ ಮಂದಿ ನನ್ನ ಬಿಡ್ತಿದ್ರೇನ್ರಿ?"

ಬೈಯಬೇಕೆಂದು ಬಾಯಿ ತೆರೆದವನು ಚಹಾ ಕುಡಿದು ಎದ್ದು ಬಂದೆ. ನಿರ್ದೇಶಕನಿಗೆ ಫೋನು ಮಾಡಿ ದೃಶ್ಯ ಸಿಕ್ಕಿದೆ, ಮೂಲ ಧ್ವನಿ ಇಲ್ಲ ಎಂದರೆ ಅವನಿಗೆ ಖುಷಿಯೋ ಖುಷಿ. "ಧ್ವನಿ ಯಾಕೆ ಸಾರ್? ಹೇಗಿದ್ರೂ ತೆಗೆದುಹಾಕ್ತೀವಿ."

ಸುರಪುರಕ್ಕೆ ಬರಿಗೈಯಲ್ಲಿ ಹೋಗಲಾಗದೆ ಲ್ಯಾಪ್‌ಟಾಪ್ ಹೊತ್ತುಕೊಂಡು ಹೋದೆ. ಇದ್ದದ್ದನ್ನು ಇದ್ದ ಹಾಗೆ ಹೇಳಿ ದೃಶ್ಯ ತೋರಿಸಿದೆ. ಹಾಡು ಶುರುವಾದದ್ದೇ ಆಕೆ ಸೆರಗನ್ನು ಬಾಯಿಗೆ ಒತ್ತಿಕೊಂಡಳು.

"ವಿಡಿಯೋದವಂಗ ಬೈಬ್ಯಾಡ್ರಿ. ಈ ಹಾಡೇ ಹಾಕಂತ ಹಟ ಹಿಡದಾಕಿ ನಾನೇ."

ದೃಶ್ಯ ಬಳಸಲು ಆಕೆಯ ಸಹಿ ಹಾಕಿಸಲೆಂದು ಹೊರತೆಗೆದಿದ್ದ ಒಪ್ಪಿಗೆ ಪತ್ರವನ್ನು ಮತ್ತೆ ಚೀಲಕ್ಕೆ ತುರುಕಿದೆ.

"ಹಾಡು ಬಂದ್ ಮಾಡಿ ಇನ್ನೊಮ್ಮಿ ತೋರಸ್ರಿ," ಎಂದಳು.

ದನಿ ಬಂದ್ ಮಾಡಿ ಮತ್ತೆ ಹಚ್ಚಿದೆ. ಹರಗೋಲಿನಲ್ಲಿ ನಿಂತ ಮದುಮಗ ದಂಡೆಯ ಮೇಲಿದ್ದ ಮದುಮಗಳತ್ತ ಕೈ ಚಾಚಿದ, ತುಟಿ ಅಲುಗಿಸಿದ. ನಾನು ಪಕ್ಕದಲ್ಲಿದ್ದದ್ದನ್ನು ಆಕೆ ಮರೆತಿದ್ದಳು.

"ಬಂದೆ," ಎಂದಳು ಪರದೆಗೆ, "ಒಂದಿಷ್ಟು ತಡೀರಿ."