ಆಕಾಶದ ಸುಳಿ ಮತ್ತು ಕಳೆದುಹೋದ ಕೋಳಿ

ನನ್ನ ಹೆಂಡತಿ ಹುಟ್ಟಿಸಿದ ಒಂದು ದೇಶವಿದೆ. ಅಲ್ಲಿ ಆಕಾಶದ ನಡುವೆ ನೀಲಿ ಸುಳಿಯೊಂದು ಸದಾ ತಿರುಗುತ್ತಿರುತ್ತದೆ. ನಮ್ಮ ಕಬಿನಿಯ ಸುಳಿ ಕೆಳಕ್ಕೆ ಸೆಳೆದರೆ ಅದು ಮೇಲಕ್ಕೆ ಸೆಳೆಯುತ್ತದೆ. ಆ ದೇಶಕ್ಕೆ ಹೆಸರಿಲ್ಲ, ಹೆಸರಿಡುವಷ್ಟು ಪುರುಸೊತ್ತು ಅವಳಿಗೆ ಇರಲಿಲ್ಲ. ಆದರೆ ಅದು ಇಲ್ಲದೇ ಹೋಗಿದ್ದರೆ ನಾನು ಮತ್ತೆ ಏಣಿ ಮುಟ್ಟುತ್ತಿರಲಿಲ್ಲ.

ನಾನು ಕಬಿನಿ ದಡದ ಮುಳ್ಳನ್ಕೊಲ್ಲಿಯಲ್ಲಿ ಮೆಣಸು ಕೊಯ್ಯುವವನು. ನಮ್ಮದೇ ನಾಲ್ಕು ಬಳ್ಳಿ ಇವೆ, ಮಿಕ್ಕ ದಿನ ಊರವರ ತೋಟ. ನಮ್ಮ ಏಣಿ ಎಂದರೆ ಒಂದೇ ಒಂದು ಉದ್ದನೆಯ ಬಿದಿರು, ಗಣ್ಣಿಗೊಂದು ಕಾಲಿಡುವ ಗೂಟ. ಅದನ್ನು ಬಳ್ಳಿ ಹಬ್ಬಿದ ಮರಕ್ಕೆ ಒರಗಿಸಿ ಒಬ್ಬರು ಬುಡ ಹಿಡಿಯಬೇಕು, ಒಬ್ಬರು ಹತ್ತಬೇಕು. ಬಳ್ಳಿಯ ಎಲೆಗಳೊಳಗೆ ಹೊಕ್ಕವನಿಗೆ ಕೆಳಗಿನದು ಏನೂ ಕಾಣದು. ಅದಕ್ಕೇ ಮೇಲಿನವನು ಆಗಾಗ "ಓಯ್" ಎನ್ನಬೇಕು, ಬುಡದಲ್ಲಿರುವವರು "ಹೂಂ" ಎನ್ನಬೇಕು. ಹೂಂ ಬಾರದಿದ್ದರೆ ಕೈಕಾಲು ಆಡಿಸಬಾರದು. ಇದು ಅಪ್ಪ ನನಗೆ ಕಲಿಸಿದ್ದು.

ಇಪ್ಪತ್ತು ವರ್ಷ ಹತ್ತಿ ಇಳಿದ ಮೇಲೆ ನನಗೆ ಕೊಬ್ಬು ಬಂತು. ಓಯ್, ಹೂಂ ಎಲ್ಲ ಹೊಸಬರಿಗೆ ಎಂದು ಗೇಲಿ ಮಾಡತೊಡಗಿದೆ. ಒಂದು ಬೆಳಿಗ್ಗೆ ಬುಡ ಹಿಡಿಯಲು ಬಂದ ಹೆಂಡತಿಯನ್ನು, "ಇಲ್ಲಿ ನಿಂತು ಏನ್ ಮಾಡೀಯೆ, ಹೋಗಿ ಚಾಯ ಕಾಸ್ಕೊಂಡು ಬಾ" ಎಂದು ಕಳಿಸಿ ಒಬ್ಬನೇ ಹತ್ತಿದೆ. ಏಣಿ ಕಾಂಡದ ಸುತ್ತ ಹೊರಳಿತು. ಅವಳು ಚಾಯ ತರುವಷ್ಟರಲ್ಲಿ ನಾನು ಕಾಫಿ ಗಿಡದ ಮೇಲೆ ಬಿದ್ದಿದ್ದೆ, ಕಾಲು ಮುರಿದಿತ್ತು. ಕಲ್ಪೆಟ್ಟದ ಆಸ್ಪತ್ರೆಗೆ ಹೋಗುವ ದಾರಿಯುದ್ದಕ್ಕೂ ಅವಳು ಒಂದೇ ಒಂದು ಮಾತು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಮರುವರ್ಷದ ಕೊಯ್ಲಿಗೆ ಕಾಲು ಸರಿಹೋಗಿತ್ತು, ನಾನು ಸರಿಹೋಗಿರಲಿಲ್ಲ. ಎರಡನೇ ಗಣ್ಣಿಗೆ ಕಾಲಿಟ್ಟವನು ಹೆದರಿ ಇಳಿದುಬಿಡುತ್ತಿದ್ದೆ. ಮೆಣಸು ಇನ್ನೂ ಬಲಿತಿಲ್ಲ ಎಂದೆ. ಬಲಿತ ಮೇಲೆ ಮಂಜು ಬಿದ್ದು ಏಣಿ ಜಾರುತ್ತದೆ ಎಂದೆ. ಮೆಣಸು ಕೆಂಪಾಗಿ ಹಕ್ಕಿಗಳು ಬಂದು ಕೂತವು. ಬೇರೆಯವರನ್ನು ಕರೆಯಬಹುದಿತ್ತು, ಆದರೆ ಊರಿಗೆಲ್ಲ ಕೊಯ್ಯುವವನು ತನ್ನ ಮರಕ್ಕೇ ಆಳು ಕರೆದರೆ ಅಲ್ಲಿಗೆ ಅವನ ಕಸುಬು ಮುಗಿಯಿತು. ನನಗೆ ಬರುವ ಕೆಲಸ ಅದೊಂದೇ.

ಒಂದು ದಿನ ಅವಳೇ ಏಣಿ ತಂದು ಮರಕ್ಕೆ ಒರಗಿಸಿದಳು.

"ಒಂದು ದೇಶ ಅದೆ. ಅಲ್ಲಿ ಆಕಾಸ್ದಲ್ಲಿ ಸುಳಿ ತಿರುಗ್ತದೆ. ಒಂದು ಗಣ್ಣು ಹತ್ತಿ, ಹೇಳ್ತೀನಿ."

ನನಗೆ ಸಿಟ್ಟು ಬಂತು. ಮಗುವಿಗೆ ಅನ್ನ ಉಣ್ಣಿಸುವ ಹಾಗೆ ನನಗೆ ಕಥೆ ಹೇಳಲು ಹೊರಟಿದ್ದಳು. ಆದರೂ ಹತ್ತಿದೆ.

ಆ ದೇಶದವರು ಸೆರಗಿನಲ್ಲಿ ಕಲ್ಲು ಕಟ್ಟಿಕೊಂಡು ಓಡಾಡುತ್ತಾರಂತೆ. ಖಾಲಿ ಕೊಡ ಇಟ್ಟರೆ ತೇಲಿಹೋಗುತ್ತದಂತೆ. ಒಬ್ಬನ ಕೋಳಿಯನ್ನು ಸುಳಿ ಎಳೆದುಕೊಂಡು ಹೋಯಿತು, ಅವನು ಅದನ್ನು ತರಲು ಏಣಿ ಹತ್ತಿದ.

"ಸುಳಿಯೇ ಎಳೀತದೆ ಅಂದ್ಮೇಲೆ ಏಣಿ ಯಾತಕ್ಕೆ? ಸುಮ್ನೆ ಹೋಗ್ಬೌದಲ್ಲ?" ಎಂದೆ. ಸುಳ್ಳಾದರೂ ಲೆಕ್ಕಕ್ಕೆ ಸಿಗಬೇಕು ಎಂಬ ಜಾತಿಯವನು ನಾನು.

"ಇನ್ನೊಂದು ಗಣ್ಣು."

ಹತ್ತಿದೆ.

"ಹೋಗೋದು ಸುಲಭ, ವಾಪಸ್ ಬರೋಕೆ ಹಿಡ್ಕೊಳೋಕೆ ಏನಾರ ಬೇಕಲ್ಲ. ಅದಕ್ಕೆ ಏಣಿ."

ಹೀಗೆ ಜಗಳವಾಡುತ್ತಾ ಹತ್ತಿದೆ. ಕೋಳಿ ಅಲ್ಲೇ ಮೊಟ್ಟೆ ಇಟ್ಟರೆ ಮೊಟ್ಟೆ ಯಾವ ಕಡೆಗೆ ಬೀಳುತ್ತದೆ ಎಂದು ಕೇಳಿ ಒಂದು ಗಣ್ಣು. ಸುಳಿಯ ಆಚೆ ಏನಿದೆ ಎಂದು ಕೇಳಿ ಇನ್ನೊಂದು. ಹೆದರಿಕೆ ಯಾವ ಗಣ್ಣಿನಲ್ಲಿ ಬಿಟ್ಟಿತೋ ಗೊತ್ತಿಲ್ಲ, ಕಥೆಯಲ್ಲಿ ತಪ್ಪು ಹುಡುಕುವ ಗಡಿಬಿಡಿಯಲ್ಲಿದ್ದೆ. ತಲೆ ಎತ್ತಿದರೆ ಎಲೆಗಳ ಸಂದಿಯಲ್ಲಿ ಆಕಾಶ ಕಾಣಿಸಿತು, ಕೈಯಲ್ಲಿ ಮೆಣಸಿನ ಗೊಂಚಲಿತ್ತು.

"ಅವನ ಏಣಿ ಬುಡದಲ್ಲಿ ಯಾರಿದ್ರು?" ಎಂದು ಮೇಲಿಂದ ಕೂಗಿದೆ.

"ಅವನ ಹೆಂಡ್ತಿ. ಏಣಿ ತನ್ನ ಸೊಂಟಕ್ಕೆ ಕಟ್ಕೊಂಡಿದ್ಲು."

"ಸುಳಿ ಅವಳನ್ನೂ ಎಳ್ಕೊಂಡ್ರೆ?"

ಸ್ವಲ್ಪ ಹೊತ್ತು ಉತ್ತರ ಬರಲಿಲ್ಲ. ನಾನು ಗೊಂಚಲು ಹಿಡಿದ ಕೈಯನ್ನು ಹಾಗೇ ನಿಲ್ಲಿಸಿದೆ. ವರ್ಷಗಳ ಮೇಲೆ ಬಾಯಿಂದ ತಾನಾಗಿ ಬಂತು, "ಓಯ್."

"ಹೂಂ," ಎಂದಳು ಕೆಳಗಿನಿಂದ.

ಆ ಒಂದು ಹೂಂ ನನಗೆ ಎಷ್ಟು ನೆಮ್ಮದಿ ಕೊಟ್ಟಿತು ಎಂದರೆ ಕಣ್ಣು ತುಂಬಿ ಮೆಣಸು ಕಾಣದಂತಾಯಿತು. ಮೇಲೆ ಯಾರೂ ನೋಡುವವರಿಲ್ಲ, ಅತ್ತುಬಿಟ್ಟೆ. ಆಮೇಲೆ ಚೀಲ ತುಂಬುವವರೆಗೂ ಕೊಯ್ದೆ.

ಇಳಿದು ನೋಡಿದರೆ ಅವಳ ಸೆರಗು ಎರಡು ಸುತ್ತು ಏಣಿಗೆ, ಒಂದು ಸುತ್ತು ಅವಳ ಸೊಂಟಕ್ಕೆ ಬಿಗಿದಿತ್ತು. ಬುಡ ಹಿಡಿಯುವವರು ಹಾಗೆ ಎಂದೂ ಕಟ್ಟಿಕೊಳ್ಳಬಾರದು. ಏಣಿ ಹೊರಳಿದರೆ ಪಕ್ಕಕ್ಕೆ ಹಾರಲು ಅವರಿಗೆ ದಾರಿ ಇರಬೇಕು.

"ತಲೆ ಕೆಟ್ಟದಾ ನಿಂಗೆ? ನಾನು ಬಿದ್ದಿದ್ರೆ ನೀನೂ ಹೋಗ್ತಿದ್ದೆ," ಎಂದು ಗದರಿದೆ.

"ಪಿನ್ನೆ?" ಎಂದಳು. ನಮ್ಮ ಕಡೆ ಕನ್ನಡದ ನಡುವೆಯೇ ಬರುವ ಮಲಯಾಳದ ಮಾತು ಅದು, ಮತ್ತಿನ್ನೇನು ಎಂದು ಅರ್ಥ.

ಗಂಟು ಬಿಚ್ಚಲು ಹೋದಳು, ಆಗಲಿಲ್ಲ. ಕೈ ನಡುಗುತ್ತಿತ್ತು. ಅಷ್ಟು ಹೊತ್ತು ಕಥೆ ಹೇಳಿದ ದನಿಯಲ್ಲಿ ಆ ನಡುಕ ಒಂದಿಷ್ಟೂ ಇರಲಿಲ್ಲ. ನಾನು ಮಂಡಿಯೂರಿ ಕೂತು ಹಲ್ಲು ಹಾಕಿ ಗಂಟು ಬಿಚ್ಚಿದೆ. ಥ್ಯಾಂಕ್ಸ್ ಎನ್ನುವ ಅಭ್ಯಾಸ ನಮ್ಮಿಬ್ಬರಿಗೂ ಇಲ್ಲ. ಅವತ್ತು ಹೇಳಬೇಕಾಗಿದ್ದನ್ನು ಈಗ ಇಲ್ಲಿ ಬರೆಯುತ್ತಿದ್ದೇನೆ.

"ಕೋಳಿ ಸಿಕ್ತಾ ಕೊನೆಗೆ?" ಎಂದು ಕೇಳಿದೆ.

"ಯಾವ ಕೋಳಿ?" ಎಂದು ಚೀಲ ಎತ್ತಿಕೊಂಡಳು.

ಈಗ ಪ್ರತಿ ಗಣ್ಣಿಗೂ ಓಯ್ ಎನ್ನುತ್ತೇನೆ. ಪಕ್ಕದ ತೋಟದವರು ನಗುತ್ತಾರೆ. ಅವಳು ಒಮ್ಮೆಯೂ ಬೇಸರಿಸದೆ ಹೂಂ ಎನ್ನುತ್ತಾಳೆ, ನಾನು ಇನ್ನೊಂದು ಗಣ್ಣು ಹತ್ತುತ್ತೇನೆ.