ಗುರಾಚಾದ ನೀರು ಯಾರದು

ನಾನು ದಾಬೆ, ಚುಕೋ ನನ್ನ ತಾಯಿಯ ತಂಗಿ. ಕಲಹಾರಿಯ ಮರಳುಗಾಡಿನಲ್ಲಿ ಗುರಾಚಾ ಎಂಬ ನೀರಿನ ಗುಂಡಿಯ ಬಳಿ ಹುಟ್ಟಿದಳು. ಆ ಗುಂಡಿ ಅವಳ ಅಪ್ಪನದು, ಅದಕ್ಕೂ ಮೊದಲು ಅಪ್ಪನ ಅವ್ವನದು. ನನ್ನ ತಾಯಿ ಮದುವೆಯಾಗಿ ಬೇರೆ ಗುಂಡಿಯವರ ಕಡೆಗೆ ಹೋದಳು. ಚುಕೋಳ ಅಣ್ಣ ಬೋ ಹಾವು ಕಚ್ಚಿ ಸತ್ತ. ಹಾಗಾಗಿ ಗುಂಡಿ ಚುಕೋಳದಾಯಿತು.

ಇದನ್ನು ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ. ನಮ್ಮ ಜುಂಟ್ವಾಸಿ ಜನರಲ್ಲಿ 'ನಂದು' ಅನ್ನುವುದು ನಾಚಿಕೆಗೇಡು. ಹಾಗೆ ಅಂದವರ ಬೆಂಕಿಯ ಹತ್ತಿರ ಯಾರೂ ಕೂರುವುದಿಲ್ಲ. ಹೇಳದಿದ್ದರೂ ಎಲ್ಲರಿಗೂ ಗೊತ್ತಿತ್ತು. ದೂರದಿಂದ ಬಂದವರು ಬಿಲ್ಲನ್ನು ಮರಕ್ಕೆ ಒರಗಿಸಿ ಆಚೆಯೇ ಕೂರುತ್ತಿದ್ದರು. ಗಂಟಲು ಒಣಗಿ ನಾಲಿಗೆ ಊದಿದ್ದರೂ ಗುಂಡಿಗೆ ಇಳಿಯುತ್ತಿರಲಿಲ್ಲ. ಚುಕೋ ಕಾಯಿ ಒಡೆಯುವುದನ್ನು ಮುಗಿಸಿ ನಿಧಾನಕ್ಕೆ ಎದ್ದು ಹೋಗುತ್ತಿದ್ದಳು.

"ಏನ್ರಪ್ಪಾ, ದಾರಿ ತಪ್ಪಿ ಬಂದ್ರಾ?"

"ನೀರು ಕೊಡವ್ವ."

"ಇಲ್ಲೆಲ್ಲಿದೆ ನೀರು? ಬರೀ ಕೆಸರು. ಕುಡಿದು ಹೊಟ್ಟೆ ಕೆಟ್ರೆ ನನ್ನ ಬೈಬೇಡಿ."

ಕುಡಿಯಿರಿ ಎಂದು ಅದರ ಅರ್ಥ. ಅವಳು ಇಲ್ಲ ಅಂದದ್ದನ್ನು ನಾನು ಕಂಡಿಲ್ಲ.

ಒಂದು ಚಳಿಗಾಲದಲ್ಲಿ ಲಾರಿಯಲ್ಲಿ ಒಬ್ಬ ಬಿಳಿಯ ಬಂದ. ಮನುಷ್ಯರ ಹಳೆಯ ಬಾಳನ್ನು ಓದುವವನಂತೆ. ಅಷ್ಟಿಷ್ಟು ನಮ್ಮ ಮಾತು ಕಲಿತಿದ್ದ. "ಲೋಕದ ಜನ ಎಲ್ಲಾ ಮೊದಲು ನಿಮ್ಮ ಹಾಗೇ ಇದ್ರು. ಅದನ್ನ ತಿಳ್ಕೊಳ್ಳೋಕೆ ಬಂದೆ" ಅಂದ.

ಚುಕೋಳ ಗಂಡ ಕಾವೊ ಸುಮ್ಮನಿರುವ ಆಸಾಮಿಯಲ್ಲ. "ಹಂಗಾದ್ರೆ ನಾನು ನಿಮ್ಮಜ್ಜ ಆದೆ. ಅಜ್ಜನಿಗೆ ಹೊಗೆಸೊಪ್ಪು ಕೊಡೋ ಮೊಮ್ಮಗನೇ" ಎಂದು ಕೈ ಚಾಚಿದ. ಬಿಳಿಯನೂ ನಕ್ಕ, ಕೊಟ್ಟ.

ಅವನು ಒಳ್ಳೆಯವನೇ. ಸುಳ್ಳು ಹೇಳಬಾರದು. ನಮ್ಮ ಜೊತೆ ಗೆಡ್ಡೆ ಅಗೆದ. ಚುಕೋಳ ಮಗು ಜ್ವರದಲ್ಲಿ ಹೋದಾಗ ಕೂತು ಅತ್ತ. ಅದನ್ನು ನೋಡಿಯೇ ಅವಳು ತನ್ನ ಸತ್ತ ಅಣ್ಣನ ಹೆಸರನ್ನು ಅವನಿಗೆ ಕೊಟ್ಟಳು. ನಮ್ಮಲ್ಲಿ ಹೆಸರು ಕೊಟ್ಟರೆ ನಂಟು ಆಯಿತು. ಅಂದಿನಿಂದ ಅವನು ಬೋ, ಅವಳ ಅಣ್ಣ. ಅಣ್ಣನ ಜೊತೆ ತಂಗಿ ತಮಾಷೆ ಮಾಡುವಂತಿಲ್ಲ. ನಾಲ್ಕು ಜನರ ಮುಂದೆ ಅವನ ಮಾತಿಗೆ ಎದುರಾಡುವಂತಿಲ್ಲ. ಚುಕೋ ಅವನ ಮುಂದೆ ಮುಖ ತಗ್ಗಿಸಿಯೇ ಇರುತ್ತಿದ್ದಳು. ಅವನಿಗೆ ಇದು ಎಷ್ಟು ತಿಳಿದಿತ್ತೋ ಗೊತ್ತಿಲ್ಲ.

ಒಂದು ದಿನ ಅವನು ನೇರವಾಗಿ ಕೇಳಿಬಿಟ್ಟ. "ಚುಕೋ, ಈ ನೀರು ಯಾರದ್ದು?"

ಹೀಗೆ ಕೇಳುವುದು ಚಿಕ್ಕ ಮಕ್ಕಳು. ಅವಳಿಗೆ ಮುಖ ಎಲ್ಲಿಡಬೇಕೋ ತಿಳಿಯಲಿಲ್ಲ.

"ಯಾರದ್ದು ಅಂದ್ರೆ? ಮಳೆ ಬಂತು, ತುಂಬ್ತು. ನಾನ್ಯಾರಣ್ಣ ಅದಕ್ಕೆ?"

ಅವನು ಬರೆದುಕೊಂಡ. ಉಳಿದವರನ್ನು ಕೇಳಿದ. ಅವಳ ಎದುರು ಅವಳ ಮರ್ಯಾದೆ ಕಳೆಯಲು ಯಾರಿಗೆ ಮನಸ್ಸು? ಎಲ್ಲರದ್ದೂ ಅಂದರು. ಅದನ್ನೂ ಬರೆದುಕೊಂಡ. ಮತ್ತೆರಡು ಮಳೆಗಾಲ ಇದ್ದು ಹೋದ. ಅವನ ಪುಸ್ತಕವನ್ನು ದೂರದ ದೇಶಗಳಲ್ಲಿ ಮಕ್ಕಳಿಗೆ ಓದಿಸುತ್ತಾರೆ ಎಂದು ಆಮೇಲೆ ಕೇಳಿದೆವು.

ಚುಕೋಳ ಕೂದಲು ನರೆಯುವ ಹೊತ್ತಿಗೆ ತೆಂಕಲಿಂದ ಒಬ್ಬ ದನದ ಸಾಹುಕಾರ ಗುರಾಚಾ ತನಗೆ ಬೇಕು ಅಂದ. ಸರಕಾರದ ಅಧಿಕಾರಿ ಬಂದು ಹೇಳಿದ. ಗುಂಡಿಗೆ ಒಡೆಯರಿದ್ದರೆ ಮುಂದಿನ ತಿಂಗಳು ಬಂದು ಹೇಳಲಿ. ಇಲ್ಲದಿದ್ದರೆ ದನಕ್ಕೆ ಕೊಡುತ್ತೇವೆ, ನಿಮ್ಮನ್ನು ಬೇರೆ ಕಡೆ ಇಡುತ್ತೇವೆ.

ನಾವು ಬೋಗೆ ಹೇಳಿ ಕಳುಹಿಸಿದೆವು. ಬರುತ್ತೇನೆ ಅಂದ. ಚುಕೋ ಹಗುರಾದಳು.

"ಅಣ್ಣ ಬಂದ್ರೆ ಸಾಕು ಬಿಡು. ನಾನು ಬಾಯಿ ಬಿಡೋದೇ ಬೇಡ. ನನ್ನ ಮಾತು ಅವನೇ ಆಡ್ತಾನೆ."

ಕಾವೊ ಕೆಮ್ಮಿದ. "ನಿನ್ನ ಮಾತು ಯಾವುದು ಅಂತ ಅವನಿಗೆ ಹೇಳಿದೀಯಾ?"

"ಹೇಳೋದೇನು? ಇಲ್ಲೇ ಇದ್ದೋನಲ್ವಾ? ಬಂದೋರು ಯಾರ ಹತ್ರ ನೀರು ಕೇಳ್ತಾರೆ ಅಂತ ನೋಡಿಲ್ವಾ?"

ಬೋ ಬಂದ. ಮುದುಕನಾಗಿದ್ದ. ಮರದ ಕೆಳಗೆ ಮೇಜು ಹಾಕಿದ್ದರು. ಒಂದು ಕಡೆ ಸಾಹುಕಾರ, ಒಂದು ಕಡೆ ನೆಲದ ಮೇಲೆ ನಾವು. ದುಭಾಷಿ ಒಂದೊಂದೇ ಮಾತನ್ನು ನಮಗೆ ತಿಳಿಸುತ್ತಿದ್ದ.

ಅಧಿಕಾರಿ ಕೇಳಿದ. "ನೀವು ಇವ್ರನ್ನ ಬಲ್ಲೋರು. ಈ ಗುಂಡಿಗೆ ಒಡೆಯರಿದಾರಾ?"

ಬೋ ಎದ್ದು ನಿಂತ. ಕಣ್ಣು ಒದ್ದೆಯಾಗಿತ್ತು. "ಒಡೆಯ ಅನ್ನೋದೇ ಇವ್ರಲ್ಲಿ ಇಲ್ಲ ಸ್ವಾಮಿ. ನಾವೆಲ್ಲ ಯಾವತ್ತೋ ಕಳ್ಕೊಂಡಿದ್ದನ್ನ ಇವ್ರು ಉಳಿಸ್ಕೊಂಡಿದಾರೆ. ನೆಲ, ನೀರು, ಎಲ್ಲಾ ಎಲ್ಲರದ್ದು. ಇವ್ರನ್ನ ಹೀಗೇ ಇಲ್ಲೇ ಬಿಟ್ಬಿಡಿ."

"ಅಂದ್ರೆ ಯಾರದ್ದೂ ಅಲ್ಲ."

"ಹಾಗಲ್ಲ..."

"ಒಂದು ಹೆಸರು ಹೇಳಿ. ಬರ್ಕೋತೀನಿ."

ಬೋ ನಮ್ಮ ಕಡೆ ತಿರುಗಿ ಒಬ್ಬೊಬ್ಬರ ಮುಖ ನೋಡಿದ. ಹೇಳಲು ಅವನ ಬಳಿ ಹೆಸರಿರಲಿಲ್ಲ.

ಕಾವೊ ಹೆಂಡತಿಯನ್ನು ಮೊಣಕೈಯಿಂದ ತಿವಿದ. "ಏಳೇ."

"ಅಣ್ಣನ ಎದುರಿಗಾ?"

"ಅಣ್ಣ ನಮ್ಮನ್ನ ಮುಗಿಸಿಯಾಯ್ತು. ಏಳು."

ಚುಕೋ ಎದ್ದಳು. ಹೊದ್ದ ತೊಗಲನ್ನು ಬಾಯಿಗೆ ಅಡ್ಡ ಹಿಡಿದು ಏನೋ ಅಂದಳು. ಯಾರಿಗೂ ಕೇಳಿಸಲಿಲ್ಲ. ಜೋರಾಗಿ ಹೇಳು ಅಂದರು. ತೊಗಲನ್ನು ಕೆಳಗೆ ಬಿಟ್ಟಳು.

"ಈ ನೀರು ನಂದು. ನಮ್ಮಪ್ಪಂದು, ಈಗ ನಂದು. ಅಣ್ಣ ಹೇಳಿದ್ದು ತಪ್ಪು."

ನಮ್ಮ ಹಿರಿಯರು ತಲೆ ತಗ್ಗಿಸಿದರು. ಹಿಂದೆ ಒಬ್ಬ ಮುದುಕಿ, "ಅಯ್ಯೋ, ನಾಚಿಕೆ ಬಿಟ್ಳಲ್ಲ" ಅಂದಳು. ಚುಕೋ ಕೂರಲಿಲ್ಲ.

ಬೋ ನಮ್ಮ ಮಾತಿನಲ್ಲೇ ಕೇಳಿದ. ನಿಜವಾದ ನೋವಿನಿಂದಲೇ ಕೇಳಿದ. "ಚುಕೋ, ನೀನು ಹೀಗೆ ಮಾತಾಡೋಳಲ್ಲ. ಯಾರು ಹೇಳ್ಕೊಟ್ರು ನಿಂಗೆ?"

ದುಭಾಷಿ ಅದನ್ನೂ ಅಧಿಕಾರಿಗೆ ತಿಳಿಸಿದ. ಅಧಿಕಾರಿ ನಕ್ಕ. "ನಾನೂ ಅದನ್ನೇ ಕೇಳ್ಬೇಕು ಅಂತಿದ್ದೆ."

ಗುರಾಚಾ ಸಾಹುಕಾರನಿಗೆ ಹೋಯಿತು. ಆ ಸಂಜೆ ಬೋ ಚುಕೋಳ ಬೆಂಕಿಯ ಹತ್ತಿರ ಬಂದು ನಿಂತ. "ನಾನು ತಪ್ಪು ತಿಳ್ಕೊಂಡಿದ್ದೆ. ಮತ್ತೆ ಬರೀತೀನಿ, ಸರಿಯಾಗಿ ಬರೀತೀನಿ."

"ಬರಿ ಅಣ್ಣ" ಅಂದಳು. ಈ ಸಲ ಮುಖ ತಗ್ಗಿಸಲಿಲ್ಲ. "ಬರೆದು ತಂದು ದನಗಳಿಗೆ ಓದಿ ಹೇಳು."

ನಮ್ಮನ್ನು ತಗಡಿನ ಮನೆಗಳ ಊರಿಗೆ ಲಾರಿಯಲ್ಲಿ ತಂದು ಇಳಿಸಿದರು. ಅಲ್ಲಿ ಹೆಂಗಸರು ಚುಕೋಳನ್ನು ಒಡತಿ ಎಂದು ಕರೆಯತೊಡಗಿದರು. "ಒಡತಿ ಬಂದ್ಲು, ದಾರಿ ಬಿಡ್ರೇ. ಕಾಲ ಕೆಳಗಿನ ಮಣ್ಣೂ ಅವಳದ್ದೇ ಇರ್ಬೇಕು." ಮೊದಲು ಅವಳು ನಗುತ್ತಿದ್ದಳು. ಕಾವೊ ಇರುವವರೆಗೆ ಅವನೇ ಅವರ ಬಾಯಿ ಮುಚ್ಚಿಸುತ್ತಿದ್ದ. ಎದೆಯ ಕೆಮ್ಮಿನಲ್ಲಿ ಅವನು ಹೋದ. ಅವಳು ಜನರ ಕಡೆ ಹೋಗುವುದನ್ನು ಬಿಟ್ಟಳು.

ಒಂದು ದಿನ ನಾನು ಅವಳ ಮನೆಗೆ ಹೋದೆ. ಮಾಂಸ ಬೇಯುತ್ತಿತ್ತು. ನಮ್ಮಲ್ಲಿ ಬಂದವನು ಕೇಳುವ ಮೊದಲೇ ಪಾಲು ಕೈಗೆ ಬರಬೇಕು. ಅವಳು ಪಾತ್ರೆಯ ಮೇಲೆ ತಗಡು ಮುಚ್ಚಿದಳು.

"ಏನ್ ಚಿಕ್ಕಮ್ಮ, ನಂಗಿಲ್ವಾ?"

"ಇದು ನಂದು."

ತಮಾಷೆ ಎಂದುಕೊಂಡು ನಕ್ಕೆ. ಅವಳು ನಗಲಿಲ್ಲ. ತಗಡಿನ ಮೇಲೆ ಕೈ ಇಟ್ಟುಕೊಂಡೇ ಕೂತಿದ್ದಳು. ತಗಡು ಸುಡುತ್ತಿತ್ತು.

"ಕೈ ತೆಗಿ ಚಿಕ್ಕಮ್ಮ, ಸುಡುತ್ತೆ."

"ಹೋಗೋ ದಾಬೆ. ಹೋಗಿ ಬೋನ ಕರ್ಕೊಂಡ್ ಬಾ. ಯಾರೂ ಹೇಳ್ಕೊಡದೇನೇ 'ನಂದು' ಅಂತೀನಿ, ಅವ್ನೂ ನೋಡ್ಲಿ."

ಅವಳು ಕೈ ತೆಗೆಯಲಿಲ್ಲ. ಎದ್ದು ಬಂದೆ.